ಮುನ್ಸಿಪಾಲ್ಟಿ ಯಾರದು? ನಮ್ಮ ಊರಾಡಳಿತದ ನೂರೆಪ್ಪತ್ತೈದು ವರ್ಷ



ಪಟ್ಟಣದಲ್ಲಿ ಮಗು ಹುಟ್ಟಿದರೆ ಅದರ ಹೆಸರನ್ನು ಸರ್ಕಾರಿ ಪುಸ್ತಕದಲ್ಲಿ ಮೊದಲು ಬರೆಯುವವರು ಮುನ್ಸಿಪಾಲ್ಟಿಯವರು. ಮನೆಯ ಹಿರಿಯರು ತೀರಿಕೊಂಡರೆ ಅವರ ಹೆಸರನ್ನು ಕೊನೆಯ ಸಲ ಬರೆಯುವವರೂ ಅವರೇ. ಈ ಎರಡು ಬರವಣಿಗೆಗಳ ನಡುವೆ ನಳದ ನೀರು, ಬೀದಿದೀಪ, ಗಟಾರ, ಮನೆಯ ಉತಾರ, ಅಂಗಡಿಯ ಲೈಸೆನ್ಸು ಎಂದು ಎಷ್ಟು ಸಲ ಆ ಕಚೇರಿಯ ಮೆಟ್ಟಿಲು ಹತ್ತುತ್ತೇವೋ ಲೆಕ್ಕವಿಲ್ಲ. ಆದರೂ ಶಾಸಕರು ಯಾರು, ಸಂಸದರು ಯಾರು ಎಂದು ಕೇಳಿದರೆ ಥಟ್ಟನೆ ಹೇಳುವ ನನ್ನ ತರಗತಿಯ ಮಕ್ಕಳು, ನಿಮ್ಮ ವಾರ್ಡಿನ ಸಂಖ್ಯೆ ಎಷ್ಟು ಎಂದರೆ ಒಬ್ಬರ ಮುಖ ಒಬ್ಬರು ನೋಡುತ್ತಾರೆ. ಮಕ್ಕಳನ್ನೇಕೆ ದೂರಲಿ, ಬಿ.ಇಡ್. ಮುಗಿಸಿ ಕೆಲಸಕ್ಕೆ ಸೇರುವವರೆಗೆ ನನಗೂ ಅದು ಗೊತ್ತಿರಲಿಲ್ಲ.

ಗೊತ್ತು ಮಾಡಿಕೊಳ್ಳುವ ಪ್ರಸಂಗ ಬಂದದ್ದು ಒಂದು ಗಟಾರದಿಂದ. ನಾನು ಕಲಿಸುವ ಶಾಲೆ ಹಳೆಯ ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಒಂದು ಊರಿನಲ್ಲಿದೆ. ಕಲ್ಲಿನ ಗೋಡೆ, ಮೇಲೆ ಮಂಗಳೂರು ಹಂಚು. 2019ರ ಆಗಸ್ಟಿನ ಆ ದೊಡ್ಡ ಮಳೆಯಲ್ಲಿ ಎದುರಿನ ಗಟಾರ ಉಕ್ಕಿ ಅಂಗಳದಲ್ಲಿ ಮೊಣಕಾಲು ನೀರು ನಿಂತಿತು. ಒಂದನೆಯ ಮತ್ತು ಎರಡನೆಯ ತರಗತಿಯ ಮಕ್ಕಳನ್ನು ಎತ್ತಿಕೊಂಡು ಹೊರಗೆ ತಂದೆವು. ಅರ್ಜಿ ಬರೆದುಕೊಂಡು ಪುರಸಭೆಗೆ ಹೋದೆ. ಶಾಲೆ ಶಿಕ್ಷಣ ಇಲಾಖೆಯದು, ಅಲ್ಲಿಗೇ ಹೋಗಿ ಎಂದರು. ಅಲ್ಲಿ ಹೋದರೆ, ಗೋಡೆಯ ಒಳಗಿನದು ಮಾತ್ರ ನಮ್ಮದು, ಗಟಾರ ಪುರಸಭೆಯದು ಎಂದರು. ಮತ್ತೆ ಪುರಸಭೆಗೆ ಬಂದಾಗ ಬೇರೊಬ್ಬರು, ಆ ರಸ್ತೆ ಲೋಕೋಪಯೋಗಿ ಇಲಾಖೆಯದಲ್ಲವೇ ಎಂದು ನನ್ನನ್ನೇ ಕೇಳಿದರು. ಮೂರು ಕಚೇರಿಗಳ ಮೊಹರು ಬಿದ್ದ ಆ ಅರ್ಜಿಯ ಪ್ರತಿ ಈಗಲೂ ನನ್ನ ಬಳಿ ಇದೆ. ಯಾರೂ ಸುಳ್ಳು ಹೇಳಿರಲಿಲ್ಲ ಎಂಬುದೇ ಅದರಲ್ಲಿ ವಿಚಿತ್ರ. ಊರಿನ ಯಾವ ಕೆಲಸ ಯಾರ ಕೈಯಲ್ಲಿದೆ, ಅದು ಅಲ್ಲಿಗೆ ಹೇಗೆ ಹೋಯಿತು ಎಂಬ ಇತಿಹಾಸವನ್ನು ಹುಡುಕಿಕೊಂಡು ಓದಿದ್ದು ಆಮೇಲೆ. ಅದನ್ನು ತಮ್ಮ ಮುಂದಿಡುವುದೇ ಈ ಲೇಖನದ ಉದ್ದೇಶ.

ಬೇಡಿ ಪಡೆದ ಆಡಳಿತ

ನನ್ನ ತಾಯಿಯ ತವರು ಕಲಬುರಗಿ. ಅಲ್ಲಿಯ ಹಿರಿಯರು ಮುನ್ಸಿಪಾಲ್ಟಿ ಎನ್ನುತ್ತಿರಲಿಲ್ಲ, 'ಬಲ್ದಿಯಾ' ಎನ್ನುತ್ತಿದ್ದರು. ಅರಬ್ಬಿಯ 'ಬಲದ್' ಎಂದರೆ ಊರು. ಊರಿಗೆ ಸಂಬಂಧಿಸಿದ್ದು ಬಲ್ದಿಯಾ. ಕನ್ನಡದ ಪುರಸಭೆ, ನಗರಸಭೆಗಳೂ ಅದೇ ಅರ್ಥದವು: ಊರಿನವರು ಕೂಡುವ ಸಭೆ. ಹೆಸರಿನಲ್ಲಿ ಊರಿದೆ, ಸಭೆಯಿದೆ. ಸರ್ಕಾರ ಎಲ್ಲಿಂದ ಬಂತು?

ಬ್ರಿಟಿಷರ ಕಾಲದಲ್ಲಿ ಮದರಾಸು, ಕಲ್ಕತ್ತ, ಮುಂಬಯಿ ಎಂಬ ಮೂರು ರಾಜಧಾನಿಗಳನ್ನು ಬಿಟ್ಟು ಉಳಿದ ಊರುಗಳಿಗೆ ಪುರಸಭೆ ಕೊಡುವ ಮೊದಲ ಯತ್ನ ನಡೆದದ್ದು 1842ರಲ್ಲಿ, ಬಂಗಾಳದಲ್ಲಿ. ಊರಿನ ಮನೆಯೊಡೆಯರಲ್ಲಿ ಮೂರನೇ ಎರಡರಷ್ಟು ಜನ ಒಪ್ಪಿ ಕೇಳಿದರೆ ಅಲ್ಲಿ ನೈರ್ಮಲ್ಯಕ್ಕಾಗಿ ಒಂದು ಸಮಿತಿ, ಅದರ ಖರ್ಚಿಗೆ ಮನೆ ತೆರಿಗೆ. ಈ ಕಾಯ್ದೆ ಜಾರಿಗೆ ಬಂದದ್ದು ಒಂದೇ ಒಂದು ಊರಿನಲ್ಲಂತೆ. ಅಲ್ಲಿಯೂ ಕಲೆಕ್ಟರರು ತೆರಿಗೆ ವಸೂಲಿಗೆ ಹೋದಾಗ ಜನ ಕೊಡಲಿಲ್ಲ. ಅಷ್ಟೇ ಅಲ್ಲ, ಅತಿಕ್ರಮ ಪ್ರವೇಶ ಮಾಡಿದರೆಂದು ಕಲೆಕ್ಟರರ ಮೇಲೆಯೇ ದಾವೆ ಹೂಡಿದರು! ತೆರಿಗೆಗೆ ನಾವು ಇಂದು ಗೊಣಗುವುದು ಆ ಧೈರ್ಯದ ಮುಂದೆ ಏನೂ ಅಲ್ಲ.

ಆ ಪಾಠ ಕಲಿತ ಸರ್ಕಾರ 1850ರಲ್ಲಿ 26ನೆಯ ಕಾಯ್ದೆಯನ್ನು ಇಡೀ ಬ್ರಿಟಿಷ್ ಇಂಡಿಯಾಕ್ಕೆ ಅನ್ವಯಿಸುವಂತೆ ತಂದಿತು. ಇಲ್ಲಿಯೂ ಊರಿನವರು ಅರ್ಜಿ ಕೊಡಬೇಕು. ಆದರೆ ಮನೆ ತೆರಿಗೆಯೇ ಆಗಬೇಕೆಂಬ ಹಟವಿಲ್ಲ, ಊರೊಳಗೆ ಬರುವ ಸರಕಿನ ಮೇಲೆ ಸುಂಕ ಹಾಕಿಕೊಳ್ಳಬಹುದು. ಮನೆಯ ಬಾಗಿಲಿಗೆ ಬಂದು ಕೇಳುವ ತೆರಿಗೆಗಿಂತ ಸಂತೆಯ ಬೆಲೆಯಲ್ಲಿ ಕರಗಿಹೋಗುವ ತೆರಿಗೆಯನ್ನು ಜನ ಸಹಿಸಿಕೊಂಡರು. ಮುಂಬಯಿ ಪ್ರಾಂತ್ಯದಲ್ಲಿ ಇದು ಬೇಗ ಹಬ್ಬಿತು. ಬೆಳಗಾವಿಗೆ 1851ರಲ್ಲಿ, ಹುಬ್ಬಳ್ಳಿಗೆ 1855ರಲ್ಲಿ, ಧಾರವಾಡಕ್ಕೆ 1856ರ ಆರಂಭದಲ್ಲಿ ಪುರಸಭೆಗಳು ಬಂದವು. ಆಗ ಬ್ರಿಟಿಷ್ ಕಮಿಷನರರ ಆಡಳಿತದಲ್ಲಿದ್ದ ಮೈಸೂರು ಸೀಮೆಯಲ್ಲಿ 1862ರ ಮಾರ್ಚ್‌ನಲ್ಲಿ ಬೆಂಗಳೂರು ಪೇಟೆಯ 9 ಮಂದಿ ಪ್ರಮುಖರು ಇದೇ ಕಾಯ್ದೆಯಡಿ ಒಂದು ಮುನ್ಸಿಪಲ್ ಬೋರ್ಡು ಮಾಡಿಕೊಂಡರು; ದಂಡು ಪ್ರದೇಶಕ್ಕೆ ಬೇರೆಯೇ ಬೋರ್ಡು ಆಯಿತು. ಮದರಾಸು ಪ್ರಾಂತ್ಯ ಮಾತ್ರ ಈ ಕಾಯ್ದೆಯನ್ನು ಅಷ್ಟಾಗಿ ಹಚ್ಚಿಕೊಳ್ಳಲಿಲ್ಲ. ಅಲ್ಲಿ 1865ರಲ್ಲಿ ಪಟ್ಟಣ ಸುಧಾರಣೆಯ ಪ್ರತ್ಯೇಕ ಕಾಯ್ದೆ ಬಂದು, ಅದರ ಮರುವರ್ಷ ಮಂಗಳೂರಿಗೆ ಪುರಸಭೆ ಬಂತು.

'ಅರ್ಜಿ ಕೊಟ್ಟು ಪಡೆದರು' ಎಂದಾಕ್ಷಣ ಪ್ರಜಾಪ್ರಭುತ್ವವೆಂದು ತಿಳಿಯಬೇಡಿ. ಸಮಿತಿಯ ಸದಸ್ಯರನ್ನು ನೇಮಿಸುತ್ತಿದ್ದುದು ಸರ್ಕಾರ. ಅಧ್ಯಕ್ಷರ ಕುರ್ಚಿಯಲ್ಲಿ ಸಾಮಾನ್ಯವಾಗಿ ಕಲೆಕ್ಟರರು. ಊರಿನ ಸಾಹುಕಾರರು, ವಕೀಲರು, ಇನಾಮದಾರರು ಸುತ್ತ ಕುಳಿತು ತಲೆಯಾಡಿಸುತ್ತಿದ್ದರು. ಆದರೂ ದುಡ್ಡು ಮಾತ್ರ ಊರಿನದೇ ಆಗಿತ್ತು.

ಆ ದುಡ್ಡು ಬರುತ್ತಿದ್ದುದು ಜಕಾತಿ ನಾಕಾದಿಂದ. ಊರಿನ ಹೊರದಾರಿಯಲ್ಲಿ ಅಡ್ಡಗಂಬ, ಪಕ್ಕದಲ್ಲಿ ಒಂದು ಕೋಣೆ, ಕೋಣೆಯಲ್ಲೊಬ್ಬ ಕಾರಕೂನ. ಎತ್ತಿನ ಗಾಡಿ ನಿಲ್ಲಿಸಿ ಬೆಲ್ಲ, ಹತ್ತಿ, ಕಾಳು ಎಣಿಸಿ ಚೀಟಿ ಹರಿಯುವುದು. ಇಂಗ್ಲಿಷಿನವರು ಅದನ್ನು ಆಕ್ಟ್ರಾಯ್ ಎಂದರು. ನಮ್ಮ ಕಡೆ, ಮರಾಠಿಯವರ ಹಾಗೆ, ಜಕಾತಿ ಎಂದೇ ರೂಢಿ. 'ಝಕಾತ್' ಎಂಬ ಪವಿತ್ರ ಶಬ್ದ ಹೇಗೆ ಹೇಗೋ ಉರುಳಿ ಬಂದು ಮುನ್ಸಿಪಾಲ್ಟಿಯ ನಾಕಾದಲ್ಲಿ ಕುಳಿತಿತು ನೋಡಿ. ಉರ್ದು ತರಗತಿಯಲ್ಲಿ ನಾನು ಇದನ್ನು ಹೇಳಿದಾಗಲೆಲ್ಲ ಮಕ್ಕಳು ನಗುತ್ತಾರೆ.

ರಿಪನ್ನರ ಠರಾವು, ಮುಂಬಯಿಯ ಜಗಳ

ಚುನಾವಣೆಯ ಮಾತು ಗಟ್ಟಿಯಾಗಿ ಕೇಳಿಬಂದದ್ದು ಲಾರ್ಡ್ ರಿಪನ್ನರ 1882ರ ಮೇ 18ರ ಠರಾವಿನಲ್ಲಿ. ಸ್ಥಳೀಯ ಸಂಸ್ಥೆಗಳಲ್ಲಿ ಸರ್ಕಾರಿ ಸದಸ್ಯರು ಮೂರನೇ ಒಂದಕ್ಕಿಂತ ಹೆಚ್ಚಿರಬಾರದು, ಸಾಧ್ಯವಾದ ಕಡೆ ಅಧ್ಯಕ್ಷರೂ ಸರ್ಕಾರದ ಹೊರಗಿನವರಿರಬೇಕು ಎಂದಿತು ಠರಾವು. ಆಡಳಿತ ಸುಧಾರಿಸುವುದಕ್ಕಿಂತ ಹೆಚ್ಚಾಗಿ ಜನರಿಗೆ ರಾಜಕೀಯದ ಶಿಕ್ಷಣ ಸಿಗಲಿ ಎಂಬುದೇ ತಮ್ಮ ಉದ್ದೇಶವೆಂದು ರಿಪನ್ನರು ಸ್ಪಷ್ಟವಾಗಿ ಹೇಳಿದ್ದರು. ಶಿಕ್ಷಕರಾದ ನಮಗೆ ಈ ಮಾತು ಹಿಡಿಸಬೇಕು: ಪುರಸಭೆಯೆಂದರೆ ಊರಿನ ದೊಡ್ಡವರ ಶಾಲೆ. 1884ರಲ್ಲಿ ಮುಂಬಯಿ ಮತ್ತು ಮದರಾಸು ಎರಡೂ ಪ್ರಾಂತ್ಯಗಳು ತಮ್ಮ ಕಾಯ್ದೆಗಳನ್ನು ಬದಲಿಸಿದವು. ಆದರೆ ಮತ ಇದ್ದದ್ದು ತೆರಿಗೆ ಕಟ್ಟುವವರಿಗೆ ಮತ್ತು ಓದಿದ ಕೆಲವರಿಗೆ. ಕೂಲಿ ಮಾಡುವವರಿಗೆ, ಬಾಡಿಗೆ ಕೋಣೆಯಲ್ಲಿದ್ದ ನೇಕಾರರಿಗೆ ಆ ಶಾಲೆಯಲ್ಲಿ ಸೀಟು ಇರಲಿಲ್ಲ.

ಇಲ್ಲಿ ಮುಂಬಯಿ ನಗರದ ಕಥೆಯೊಂದನ್ನು ಹೇಳಲೇಬೇಕು. ನಮ್ಮ ಇಂದಿನ ಪಾಲಿಕೆಗಳ ಕಮಿಷನರರು ಬಂದದ್ದು ಆ ದಾರಿಯಿಂದಲೇ. 1865ರಲ್ಲಿ ಆ ನಗರಕ್ಕೆ ಆರ್ಥರ್ ಕ್ರಾಫರ್ಡ್ ಎಂಬ ಮುನ್ಸಿಪಲ್ ಕಮಿಷನರರು ಬಂದರು. ಭಾರಿ ಉತ್ಸಾಹಿ. ಮಾರುಕಟ್ಟೆ ಕಟ್ಟಿಸಿದರು, ರಸ್ತೆ ಅಗಲ ಮಾಡಿಸಿದರು; ಖರ್ಚಿಗೆ ಕೈ ಹಿಡಿಯುವವರಿರಲಿಲ್ಲ. ಸಾಲ ಬೆಳೆಯಿತು, ತೆರಿಗೆ ಏರಿತು, ತೆರಿಗೆದಾರರು ಸಿಟ್ಟಾದರು. ಕಮಿಷನರನನ್ನೇ ತೆಗೆಯಬೇಕೆಂದು 1871ರಲ್ಲಿ ಗದ್ದಲವೆದ್ದಾಗ ಯುವ ವಕೀಲ ಫಿರೋಜ್‌ಷಾ ಮೆಹತಾ ಬೇರೆ ಮಾತು ಹೇಳಿದರು: ಕೆಲಸ ಮಾಡುವ ಕೈ ಒಂದೇ ಇರಲಿ, ಆದರೆ ಅದು ತೆರಿಗೆದಾರರು ಚುನಾಯಿಸಿದ ಸಭೆಗೆ ಉತ್ತರ ಕೊಡಲಿ. 1872ರ ಕಾಯ್ದೆಯಲ್ಲಿ 64 ಸದಸ್ಯರ ಕಾರ್ಪೊರೇಷನ್ ಬಂತು. ಅರ್ಧದಷ್ಟು ಜನ ತೆರಿಗೆದಾರರಿಂದ ಚುನಾಯಿತರು. 1888ರ ಕಾಯ್ದೆ ಇದನ್ನೇ ಗಟ್ಟಿ ಮಾಡಿತು. ಅದೇ ವರ್ಷ ಆ ಕಾರ್ಪೊರೇಷನ್ನಿನ ಅಧ್ಯಕ್ಷರಾದವರು ರಹಿಮತುಲ್ಲಾ ಸಯಾನಿ. 1896ರಲ್ಲಿ ಕಾಂಗ್ರೆಸ್ಸಿನ ಅಧ್ಯಕ್ಷರೂ ಆದರು. ಬದ್ರುದ್ದೀನ್ ತಯ್ಯಬ್‌ಜಿಯವರೂ ನ್ಯಾಯಾಧೀಶರಾಗುವ ಮೊದಲು ಇದೇ ಕಾರ್ಪೊರೇಷನ್ನಿನ ಸದಸ್ಯರಾಗಿದ್ದವರು. ದೇಶದ ಕೆಲಸಕ್ಕೆ ಅವರು ನೀರು, ದೀಪ, ಗಟಾರದ ಸಭೆಗಳಿಂದ ಬಂದರೆಂಬುದನ್ನು ನಮ್ಮ ಯುವಕರು ಗಮನಿಸಿದರೆ ಒಳ್ಳೆಯದು.

ಮೆಹತಾ ಹೇಳಿದ ಆ ಎರಡು ಭಾಗಗಳಲ್ಲಿ ಮೊದಲನೆಯದು, ಸರ್ಕಾರ ನೇಮಿಸಿದ ಬಲವಾದ ಕಮಿಷನರ್, ಎಲ್ಲ ಕಡೆ ಉಳಿಯಿತು. ಎರಡನೆಯದು, ಅಂದರೆ ಅವರನ್ನು ಪ್ರಶ್ನಿಸಬಲ್ಲ ಬಲವಾದ ಸಭೆ, ಎಲ್ಲ ಕಡೆ ಉಳಿಯಲಿಲ್ಲ.

ಮೈಸೂರು ಸಂಸ್ಥಾನದ ದಾರಿ ಬೇರೆ. ಅಲ್ಲಿ ಊರಿನ ಸುಧಾರಣೆಗೆ ದಿವಾನರೇ ಮುಂದೆ ನಿಂತರು. 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂದಾಗ ಇಕ್ಕಟ್ಟಿನ ಪೇಟೆಯಿಂದ ಜನರನ್ನು ಹೊರತರಲು ಬಸವನಗುಡಿ, ಮಲ್ಲೇಶ್ವರಂ ಬಡಾವಣೆಗಳಾದವು. 1906ರಲ್ಲಿ ಸಂಸ್ಥಾನದ ಪುರಸಭೆಗಳಿಗೆ ಒಂದು ನಿಬಂಧನೆ ಬಂತು. 1926ರಿಂದ 1941ರವರೆಗೆ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ಲರ ಕಾಲದಲ್ಲಂತೂ ಉದ್ಯಾನ, ಚೌಕ, ಬೀದಿದೀಪ ಎಲ್ಲಕ್ಕೂ ದಿವಾನರ ಕಣ್ಣೇ ಅಳತೆಗೋಲು. ಊರುಗಳು ಚೆಂದವಾದವು, ಅದರಲ್ಲಿ ಎರಡು ಮಾತಿಲ್ಲ. ಆದರೆ ಒಳ್ಳೆಯ ದಿವಾನರು ಇದ್ದಾಗ ಊರಿನವರು ತಾವೇ ಮಾಡಿಕೊಳ್ಳುವುದನ್ನು ಕಲಿಯುತ್ತಾರೆಯೇ ಎಂಬ ಸಂಶಯ ನನಗೆ ಬಂದದ್ದುಂಟು. ಮಿರ್ಜಾ ಸಾಹೇಬರ ಮೇಲಿನ ಗೌರವಕ್ಕೆ ಕುಂದಿಲ್ಲದೆ ಈ ಮಾತು ಹೇಳುತ್ತಿದ್ದೇನೆ.

ನಿಜಾಮರ ಸೀಮೆಯಲ್ಲಿ ಸಾಲಾರ್ ಜಂಗ್ ದಿವಾನರಾಗಿದ್ದಾಗ 1869ರಲ್ಲಿ ಹೈದರಾಬಾದ್ ನಗರಕ್ಕೆ ಮುನ್ಸಿಪಲ್ ವ್ಯವಸ್ಥೆಯಾಯಿತು. ಜಿಲ್ಲೆಯ ಊರುಗಳಿಗೆ ಅದು ನಿಧಾನವಾಗಿ ಬಂತು. ಆಡಳಿತದ ಭಾಷೆ ಉರ್ದು. ಹೀಗಾಗಿ ಕಲಬುರಗಿ ಕಡೆಯ ನಂಟರು ಈಗಲೂ ಹಳೆಯ ಮನೆಪತ್ರಗಳನ್ನು ಹಿಡಿದು ನನ್ನ ಬಳಿ ಓದಿಸಲು ಬರುತ್ತಾರೆ. ಶಿಕಸ್ತಾ ಬರಹ, ಹರಿದ ಅಂಚು. ಅಕ್ಷರ ಬಿಡಿಸುವಷ್ಟರಲ್ಲಿ ಚಹಾ ಆರಿಹೋಗಿರುತ್ತದೆ.

ಶಾಲೆ ಮುನ್ಸಿಪಾಲ್ಟಿಯದಾಗಿದ್ದ ಕಾಲ

ಈಗ ನನ್ನ ಶಾಲೆಯ ವಿಷಯಕ್ಕೆ ಬರುತ್ತೇನೆ. ಅದಕ್ಕೆ ಇಂದು ಸರ್ಕಾರಿ ಉರ್ದು ಹಿರಿಯ ಪ್ರಾಥಮಿಕ ಶಾಲೆ ಎಂಬ ಫಲಕವಿದೆ. ಮೊಹಲ್ಲಾದ ಹಿರಿಯರು ಮಾತ್ರ 'ಮುನ್ಸಿಪಲ್ ಎರಡನೇ ನಂಬರ್' ಎಂದೇ ಕರೆಯುತ್ತಾರೆ. ಕೆಲಸಕ್ಕೆ ಸೇರಿದ ಹೊಸದರಲ್ಲಿ ಇದೇನೋ ಅಡ್ಡಹೆಸರು ಎಂದುಕೊಂಡಿದ್ದೆ. ಅಲ್ಲ, ಅದು ಇತಿಹಾಸ.

1923ರಲ್ಲಿ ಮುಂಬಯಿ ಪ್ರಾಂತ್ಯದಲ್ಲಿ ಪ್ರಾಥಮಿಕ ಶಿಕ್ಷಣದ ಕಾಯ್ದೆಯೊಂದು ಬಂತು. 1919ರ ಸುಧಾರಣೆಗಳ ನಂತರ ಶಿಕ್ಷಣ ಮತ್ತು ಸ್ಥಳೀಯ ಆಡಳಿತಗಳೆರಡೂ ಪ್ರಾಂತ್ಯದ ಭಾರತೀಯ ಮಂತ್ರಿಗಳ ಕೈಗೆ ಬಂದಿದ್ದವು. ಈ ಕಾಯ್ದೆ ಪ್ರಾಥಮಿಕ ಶಾಲೆಗಳನ್ನು ಹಳ್ಳಿಗಳಲ್ಲಿ ಜಿಲ್ಲಾ ಲೋಕಲ್ ಬೋರ್ಡುಗಳಿಗೆ, ದೊಡ್ಡ ಊರುಗಳಲ್ಲಿ ಅಧಿಕಾರ ಪಡೆದ ಪುರಸಭೆಗಳಿಗೆ ವಹಿಸಿತು. ಪುರಸಭೆಗೆ ಒಂದು ಸ್ಕೂಲ್ ಬೋರ್ಡು. ಮಾಸ್ತರರ ಸಂಬಳ, ಕಟ್ಟಡ, ಹೊಸ ಶಾಲೆ ಎಲ್ಲಿ ಬೇಕು ಎಂಬುದೆಲ್ಲ ಊರಿನ ಮೇಜಿನ ಮೇಲೆಯೇ ತೀರ್ಮಾನ. ಸರ್ಕಾರ ಅನುದಾನ ಕೊಡುತ್ತಿತ್ತು. ಕನ್ನಡ, ಮರಾಠಿ, ಉರ್ದು ಶಾಲೆಗಳಿಗೆ ಸಾಲಾಗಿ ನಂಬರು.

ಎಲ್ಲವೂ ಚೆನ್ನಾಗಿತ್ತೆಂದು ನಾನು ಹೇಳುವುದಿಲ್ಲ. ಬೋರ್ಡಿನ ಸದಸ್ಯರ ಸಿಟ್ಟಿಗೆ ಮಾಸ್ತರರ ವರ್ಗಾವಣೆಯಾಗುವುದು, ಪಂಗಡ ರಾಜಕೀಯ, ಇವೆಲ್ಲ ಇದ್ದವೆಂದು ಹಿರಿಯರು ಹೇಳುತ್ತಾರೆ. ಇದೇ ದೂರುಗಳಿಂದಾಗಿ 1947ರ ಹೊಸ ಕಾಯ್ದೆ ಬೋರ್ಡುಗಳ ಮೇಲೆ ಸರ್ಕಾರದ ಹಿಡಿತ ಬಿಗಿ ಮಾಡಿತು. ಏಕೀಕರಣದ ನಂತರ ನಮ್ಮ ರಾಜ್ಯದ 1961ರ ಕಡ್ಡಾಯ ಪ್ರಾಥಮಿಕ ಶಿಕ್ಷಣ ಕಾಯ್ದೆ ಬಂದು ಶಾಲೆಗಳು ಕ್ರಮೇಣ ಶಿಕ್ಷಣ ಇಲಾಖೆಗೆ ಸೇರಿದವು. ಮಾಸ್ತರರಿಗೆ ಲಾಭವಾಯಿತು, ಸುಳ್ಳು ಹೇಳಬಾರದು. ತಿಂಗಳ ಸಂಬಳದ ಭರವಸೆ ಬಂತು. ಆದರೆ ಅಂಗಳದ ಗೋಡೆ ಅಂದಿನಿಂದ ಎರಡು ಸರ್ಕಾರಗಳ ಗಡಿಯಾಯಿತು. ಒಳಗಿನದು ಇಲಾಖೆ, ಹೊರಗಿನದು ಪುರಸಭೆ. ನನ್ನ ಅರ್ಜಿ ತಿರುಗಿದ್ದು ಆ ಗಡಿಯ ಮೇಲೆಯೇ.

ಒಂದೊಂದಾಗಿ ಹೋದ ಕೆಲಸಗಳು

1956ರ ನವೆಂಬರ್ 1ರಂದು ನಮ್ಮ ರಾಜ್ಯ ಒಂದಾದಾಗ ಪುರಸಭೆಗಳು ಒಂದಾಗಲಿಲ್ಲ. ಮುಂಬಯಿಯಿಂದ ಬಂದ ನಾಲ್ಕು ಜಿಲ್ಲೆಗಳಲ್ಲಿ 1901ರ ಮತ್ತು 1925ರ ಎರಡು ಕಾಯ್ದೆಗಳು. ದಕ್ಷಿಣ ಕನ್ನಡದಲ್ಲಿ ಮದರಾಸಿನ 1920ರ ಕಾಯ್ದೆ. ಹಳೆಯ ಮೈಸೂರಿನಲ್ಲಿ ನಗರಗಳಿಗೆ 1933ರದು, ಪಟ್ಟಣಗಳಿಗೆ 1951ರದು. ಕೊಡಗಿಗೆ ತನ್ನದೇ ಒಂದು ನಿಬಂಧನೆ. ಇನ್ನು ಹೈದರಾಬಾದ್ ರಾಜ್ಯ ತನ್ನ ಜಿಲ್ಲಾ ಪುರಸಭೆಗಳಿಗೆ ಹೊಸ ಕಾಯ್ದೆ ಮಾಡಿದ್ದು 1956ರಲ್ಲೇ, ತಾನೇ ಇಲ್ಲವಾಗುವ ವರ್ಷದಲ್ಲಿ! ಒಂದೇ ರಾಜ್ಯದ ಪ್ರಜೆಗಳು ಊರಿನಿಂದ ಊರಿಗೆ ಹೋದರೆ ಬೇರೆ ಕಾನೂನು. ಈ ಗೋಜಲನ್ನು ಬಿಡಿಸಿದ್ದು 1964ರ ಮೈಸೂರು ಪುರಸಭೆಗಳ ಕಾಯ್ದೆ. ಜಾರಿಗೆ ಬಂದದ್ದು 1965ರ ಏಪ್ರಿಲ್ 1ರಿಂದ. ರಾಜ್ಯದ ಹೆಸರು ಬದಲಾದ ಮೇಲೆ ಅದೇ ಕರ್ನಾಟಕ ಪುರಸಭೆಗಳ ಕಾಯ್ದೆಯಾಗಿ ಇಂದಿಗೂ ನಡೆದಿದೆ. ದೊಡ್ಡ ನಗರಗಳಿಗೆ 1976ರ ಮಹಾನಗರ ಪಾಲಿಕೆಗಳ ಕಾಯ್ದೆ ಬೇರೆ. ಬೆಂಗಳೂರಿನ ಪೇಟೆ ಮತ್ತು ದಂಡು ಪುರಸಭೆಗಳು 1949ರಲ್ಲೇ ಕೂಡಿ ಕಾರ್ಪೊರೇಷನ್ ಆಗಿದ್ದವು. ಹುಬ್ಬಳ್ಳಿ-ಧಾರವಾಡ 1962ರಲ್ಲಿ ಆಯಿತು.

ಕಾನೂನು ಒಂದಾಯಿತು, ನಿಜ. ಅದೇ ವರ್ಷಗಳಲ್ಲಿ ಪುರಸಭೆಯ ಕೈಯಿಂದ ಕೆಲಸಗಳು ಒಂದೊಂದಾಗಿ ಜಾರಿದವು. ಶಾಲೆ ಹೋದದ್ದನ್ನು ಹೇಳಿದೆ. ಊರು ಹೇಗೆ ಬೆಳೆಯಬೇಕೆಂಬ ನಕ್ಷೆ ಯೋಜನಾ ಪ್ರಾಧಿಕಾರಗಳಿಗೆ, ಬಡಾವಣೆ ಮಾಡುವ ಕೆಲಸ ನಗರಾಭಿವೃದ್ಧಿ ಪ್ರಾಧಿಕಾರಗಳಿಗೆ ಹೋಯಿತು. ನೀರಿನ ದೊಡ್ಡ ಯೋಜನೆಗಳಿಗೆ 1973ರ ಕಾಯ್ದೆಯಡಿ ಪ್ರತ್ಯೇಕ ಮಂಡಳಿ ಬಂತು. ಮತ್ತು 1979ರಲ್ಲಿ ಜಕಾತಿ ರದ್ದಾಯಿತು. ಲಾರಿಯವರು, ವ್ಯಾಪಾರಿಗಳು ನಿಟ್ಟುಸಿರು ಬಿಟ್ಟರು. ನಾಕಾದಲ್ಲಿ ಲಂಚವೂ ಕಡಿಮೆ ಇರಲಿಲ್ಲವೆನ್ನಿ. ಅದರ ಬದಲು ಸರ್ಕಾರ ಪ್ರವೇಶ ತೆರಿಗೆ ವಿಧಿಸಿ, ಪುರಸಭೆಗಳಿಗೆ ಪರಿಹಾರದ ಹಣ ಕೊಡತೊಡಗಿತು. ನಾಕಾದ ದುಡ್ಡು ಸಂಜೆಗೆ ಪುರಸಭೆಯ ಪೆಟ್ಟಿಗೆಯಲ್ಲಿರುತ್ತಿತ್ತು. ಪರಿಹಾರದ ದುಡ್ಡು ಬೆಂಗಳೂರಿನಿಂದ ಬರಬೇಕು. ಈ ಒಂದು ಬದಲಾವಣೆಯಷ್ಟು ದೊಡ್ಡದು ಯಾವ ಕಾಯ್ದೆಯಲ್ಲೂ ಇರಲಿಲ್ಲ ಎಂಬುದು ನನ್ನ ಅಭಿಪ್ರಾಯ. ಮನೆ ಖರ್ಚಿಗೆ ತಾನೇ ದುಡಿಯುವವನಿಗೂ, ಅಣ್ಣ ಕಳಿಸುವ ಮನಿಯಾರ್ಡರಿಗೆ ಕಾಯುವವನಿಗೂ ಇರುವ ಅಂತರ ಅದು.

ಇದರ ಜೊತೆಗೆ ಇನ್ನೊಂದು ರೂಢಿ. ಚುನಾಯಿತ ಸಭೆಯನ್ನು ಯಾವುದೋ ಕಾರಣಕ್ಕೆ ವಜಾ ಮಾಡಿ ಆಡಳಿತಾಧಿಕಾರಿಯನ್ನು ಕೂಡಿಸಿದರೆ, ಮರುಚುನಾವಣೆ ಯಾವಾಗ ಎಂದು ಹೇಳುವವರಿರಲಿಲ್ಲ. ದೇಶದ ಎಷ್ಟೋ ಊರುಗಳಲ್ಲಿ ವರ್ಷಗಟ್ಟಲೆ ಹೀಗೆ ನಡೆಯಿತು.

ಸಂವಿಧಾನದಲ್ಲಿ ಊರಿಗೊಂದು ಜಾಗ

ಇದನ್ನು ತಡೆಯಲು ರಾಜೀವ್ ಗಾಂಧಿಯವರ ಸರ್ಕಾರ 1989ರಲ್ಲಿ ತಂದ ನಗರಪಾಲಿಕಾ ಮಸೂದೆ ರಾಜ್ಯಸಭೆಯಲ್ಲಿ ಬಿದ್ದುಹೋಯಿತು. ಅದೇ ಆಶಯ 74ನೆಯ ತಿದ್ದುಪಡಿಯಾಗಿ 1993ರ ಜೂನ್ 1ರಿಂದ ಜಾರಿಗೆ ಬಂತು. ಈಗ ಸಭೆಯ ಅವಧಿ 5 ವರ್ಷ. ನಡುವೆ ವಿಸರ್ಜಿಸಿದರೆ 6 ತಿಂಗಳೊಳಗೆ ಚುನಾವಣೆ. ಅದನ್ನು ನಡೆಸಲು ರಾಜ್ಯ ಚುನಾವಣಾ ಆಯೋಗ. ಹಣ ಹಂಚಿಕೆಯ ಬಗ್ಗೆ ಶಿಫಾರಸು ಮಾಡಲು 5 ವರ್ಷಕ್ಕೊಮ್ಮೆ ರಾಜ್ಯ ಹಣಕಾಸು ಆಯೋಗ. ಪರಿಶಿಷ್ಟರಿಗೆ ಜನಸಂಖ್ಯೆಗೆ ತಕ್ಕ ಸ್ಥಾನ, ಮಹಿಳೆಯರಿಗೆ ಮೂರನೇ ಒಂದಕ್ಕೆ ಕಡಿಮೆಯಿಲ್ಲದ ಸ್ಥಾನ. ಕರ್ನಾಟಕದಲ್ಲಿ ಅದು ಮುಂದೆ ಅರ್ಧಕ್ಕೆ ಏರಿತು. ನಮ್ಮ ಮೊಹಲ್ಲಾದಿಂದ ಮನೆಯ ಹೊಸ್ತಿಲು ದಾಟದಿದ್ದ ಹೆಣ್ಣುಮಕ್ಕಳು ಇಂದು ಪುರಸಭೆಯ ಸಭಾಂಗಣದಲ್ಲಿ ಕುಳಿತಿದ್ದರೆ ಅದು ಈ ತಿದ್ದುಪಡಿಯ ಫಲ. ಕೆಲವು ಕಡೆ ಗಂಡಂದಿರು ಹಿಂದೆ ಕುಳಿತು ಮಾತಾಡಿಸುತ್ತಾರೆ ಎಂಬುದೂ ಗೊತ್ತು. ಆದರೆ ಎರಡನೆಯ ಸಲ ಗೆದ್ದು ಬಂದವರು ಗಂಡಂದಿರನ್ನು ಹೊರಗೆ ಕೂಡಿಸಿದ್ದನ್ನೂ ಕಣ್ಣಾರೆ ಕಂಡಿದ್ದೇನೆ.

ಸಂವಿಧಾನದ ಹನ್ನೆರಡನೆಯ ಅನುಸೂಚಿಯಲ್ಲಿ ಊರಾಡಳಿತಕ್ಕೆ ಒಪ್ಪಿಸಬಹುದಾದ 18 ವಿಷಯಗಳಿವೆ. ರಸ್ತೆ, ನೀರು, ನೈರ್ಮಲ್ಯ, ಕೊಳೆಗೇರಿ ಸುಧಾರಣೆ, ಸ್ಮಶಾನ ಮತ್ತು ಖಬರಸ್ತಾನ, ಕಸಾಯಿಖಾನೆ, ಜನನ ಮರಣ ನೋಂದಣಿ ಎಲ್ಲ ಅಲ್ಲಿವೆ. ಎರಡು ಸಂಗತಿಗಳನ್ನು ಗಮನಿಸಿ. ಒಂದು, ರಾಜ್ಯ ಇವನ್ನು ಒಪ್ಪಿಸ'ಬಹುದು' ಎಂದಿದೆ, ಒಪ್ಪಿಸ'ಲೇಬೇಕು' ಎಂದಿಲ್ಲ. ವ್ಯಾಕರಣದ ಮಾಸ್ತರನಿಗೆ ಈ ಒಂದು ಪ್ರತ್ಯಯದಲ್ಲಿ ಇಡೀ ಕಥೆ ಕಾಣುತ್ತದೆ. ಎರಡು, ಪಂಚಾಯತಿಗಳ ಹನ್ನೊಂದನೆಯ ಅನುಸೂಚಿಯಲ್ಲಿ ಪ್ರಾಥಮಿಕ ಮತ್ತು ಪ್ರೌಢ ಶಾಲೆಗಳು ಇವೆ; ಊರುಗಳ ಹನ್ನೆರಡನೆಯದರಲ್ಲಿ ಶಾಲೆ ಎಂಬ ಶಬ್ದವೇ ಇಲ್ಲ. ಶೈಕ್ಷಣಿಕ, ಸಾಂಸ್ಕೃತಿಕ ವಿಷಯಗಳ ಉತ್ತೇಜನ ಎಂಬ ಒಂದು ಸಾಲು ಮಾತ್ರ ಇದೆ. 1923ರಲ್ಲಿ ಊರಿನ ಕೈಯಲ್ಲಿದ್ದ ಶಾಲೆ 1993ರಲ್ಲಿ ನೆನಪಿನಲ್ಲೂ ಉಳಿದಿರಲಿಲ್ಲ.

ಇನ್ನು ನಮ್ಮ ರಾಜ್ಯದ ಇಂದಿನ ಏರ್ಪಾಡನ್ನು ಹೇಳಿಬಿಡುತ್ತೇನೆ. ಸ್ಥೂಲವಾಗಿ 10 ಸಾವಿರದಿಂದ 20 ಸಾವಿರ ಜನಸಂಖ್ಯೆಯ ಊರಿಗೆ ಪಟ್ಟಣ ಪಂಚಾಯತಿ, 50 ಸಾವಿರದವರೆಗೆ ಪುರಸಭೆ, 3 ಲಕ್ಷದವರೆಗೆ ನಗರಸಭೆ, ಅದರ ಮೇಲೆ ಮಹಾನಗರ ಪಾಲಿಕೆ. ವಾರ್ಡಿಗೊಬ್ಬ ಸದಸ್ಯರು, ತಮ್ಮ ಊರಿನಲ್ಲಿ 23 ವಾರ್ಡುಗಳಿರಬಹುದು, 27 ಇರಬಹುದು, 31 ಇರಬಹುದು. ಸರ್ಕಾರ ನಾಮಕರಣ ಮಾಡಿದವರೂ ಸಭೆಯಲ್ಲಿ ಕೂಡುತ್ತಾರೆ, ಅವರಿಗೆ ಮತವಿಲ್ಲ. ಶಾಸಕರು, ಸಂಸದರು ಕೂಡುತ್ತಾರೆ, ಅವರಿಗೆ ಮತವಿದೆ. ಅಧ್ಯಕ್ಷರ ಚುನಾವಣೆಯಲ್ಲಿ ಒಂದು ಮತದಿಂದ ಊರಿನ ಫಲಿತಾಂಶ ತಿರುಗಿದ್ದನ್ನು ತಾವೂ ಪತ್ರಿಕೆಗಳಲ್ಲಿ ಓದಿರುತ್ತೀರಿ. ಅಧ್ಯಕ್ಷರ ಅವಧಿ 30 ತಿಂಗಳು. ಪಾಲಿಕೆಗಳಲ್ಲಿ ನಡೆದುಬಂದದ್ದು ಒಂದು ವರ್ಷದ ಮೇಯರ್ ಪದ್ಧತಿ. ಕಡತಗಳು ಅರ್ಥವಾಗುವಷ್ಟರಲ್ಲಿ ಹೊಸಬರು ಬರುತ್ತಾರೆ. ಸಭೆ ಠರಾವು ಮಾಡುತ್ತದೆ. ಅದನ್ನು ನಡೆಸುವವರು ಪುರಸಭೆಯಲ್ಲಿ ಮುಖ್ಯಾಧಿಕಾರಿ, ನಗರಸಭೆಯಲ್ಲಿ ಪೌರಾಯುಕ್ತರು, ಪಾಲಿಕೆಯಲ್ಲಿ ಆಯುಕ್ತರು. ಮೂವರನ್ನೂ ನೇಮಿಸುವುದು, ವರ್ಗ ಮಾಡುವುದು ಸರ್ಕಾರ. ಪುರಸಭೆಯ ಠರಾವು ಕಾನೂನಿಗೆ ವಿರುದ್ಧವೆಂದು ಕಂಡರೆ ಜಿಲ್ಲಾಧಿಕಾರಿಗಳು ಅದನ್ನು ತಡೆಹಿಡಿಯಬಹುದು. 1850ರ ದಶಕದ ಕಲೆಕ್ಟರರು ಕುರ್ಚಿ ಬಿಟ್ಟು ಎದ್ದಿದ್ದಾರೆ, ಕೋಣೆ ಬಿಟ್ಟು ಹೋಗಿಲ್ಲ.

ಗೆದ್ದವರಿಗೆ ಕುರ್ಚಿ ಸಿಗದ ಎರಡು ವರ್ಷ

ನನ್ನ ಗಟಾರದ ಅರ್ಜಿ 2019ರದು ಎಂದೆನಲ್ಲ. ಅದಕ್ಕೆ ಒಂದು ವರ್ಷ ಮೊದಲು, 2018ರಲ್ಲಿ, ರಾಜ್ಯದ ನೂರಕ್ಕೂ ಹೆಚ್ಚು ಊರುಗಳಲ್ಲಿ ಚುನಾವಣೆ ನಡೆದಿತ್ತು. ನಮ್ಮ ವಾರ್ಡಿನಿಂದ ಗೆದ್ದವರು ನನ್ನ ವಿದ್ಯಾರ್ಥಿಯೊಬ್ಬನ ತಾಯಿ. ಅರ್ಜಿ ಹಿಡಿದು ಅವರ ಮನೆಗೆ ಹೋದೆ. ಗೆದ್ದ ಪ್ರಮಾಣಪತ್ರವನ್ನು ಕಪಾಟಿನಿಂದ ತೆಗೆದು ತೋರಿಸಿದರು. "ಮಾಸ್ತರೇ, ಪಾಸಾಗೇನ್ರಿ, ಆದ್ರ ಕ್ಲಾಸಿನ್ಯಾಗ ಇನ್ನೂ ಕುಂದ್ರಿಸಿಲ್ಲ" ಎಂದರು.

ಆದದ್ದು ಇಷ್ಟು. ಅಧ್ಯಕ್ಷ, ಉಪಾಧ್ಯಕ್ಷ ಸ್ಥಾನಗಳ ಮೀಸಲಾತಿ ಪಟ್ಟಿ ನ್ಯಾಯಾಲಯದ ವ್ಯಾಜ್ಯದಲ್ಲಿ ಸಿಕ್ಕಿಬಿದ್ದಿತ್ತು. ಅಧ್ಯಕ್ಷರಿಲ್ಲದೆ ಸಭೆ ಕೂಡುವಂತಿಲ್ಲ. ಸಭೆ ಕೂಡದಿದ್ದರೆ ಸದಸ್ಯರು ಹೆಸರಿಗೆ ಸದಸ್ಯರು. ಹಲವು ಊರುಗಳಲ್ಲಿ ಅಧ್ಯಕ್ಷರ ಆಯ್ಕೆಯಾದದ್ದು 2020ರ ಕೊನೆಯ ತಿಂಗಳುಗಳಲ್ಲಿ. ಅಲ್ಲಿಯವರೆಗೆ ಆಡಳಿತಾಧಿಕಾರಿಗಳೇ ಎಲ್ಲ. ಮೊದಲ 30 ತಿಂಗಳ ಸರದಿ 2023ರಲ್ಲಿ ಮುಗಿದಾಗ ಎರಡನೆಯ ಪಟ್ಟಿಗೂ ಹೀಗೇ ಆಗಿ, ಕುರ್ಚಿಗಳು ಮತ್ತೆ ಒಂದು ವರ್ಷದಷ್ಟು ಖಾಲಿ ಉಳಿದವು. ಸಂವಿಧಾನದ 5 ವರ್ಷದ ಲೆಕ್ಕದಲ್ಲಿ ಇದು ಎಲ್ಲಿಯೂ ತಪ್ಪಾಗಿ ಕಾಣುವುದಿಲ್ಲ. ಚುನಾವಣೆ ನಡೆದೇ ಇತ್ತಲ್ಲ!

ರಾಜಧಾನಿಯದು ಇನ್ನೂ ದೊಡ್ಡ ಕಥೆ. ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯ ಚುನಾಯಿತ ಸಭೆಯ ಅವಧಿ 2020ರ ಸೆಪ್ಟೆಂಬರಿನಲ್ಲಿ ಮುಗಿಯಿತು. ಅದಕ್ಕೊಂದು ಪ್ರತ್ಯೇಕ ಕಾಯ್ದೆ, ಮತ್ತೆ ವಾರ್ಡು ವಿಂಗಡಣೆ, ಮೀಸಲಾತಿ, ವ್ಯಾಜ್ಯ ಎಂದು ವರ್ಷಗಳು ಉರುಳಿ, 2025ರಲ್ಲಿ ಆ ಪಾಲಿಕೆಯ ಬದಲು ಗ್ರೇಟರ್ ಬೆಂಗಳೂರು ಪ್ರಾಧಿಕಾರ ಮತ್ತು ಅದರಡಿ ಐದು ನಗರ ಪಾಲಿಕೆಗಳು ಬಂದವು. ಪ್ರಾಧಿಕಾರದ ಅಧ್ಯಕ್ಷರು ಮುಖ್ಯಮಂತ್ರಿಗಳೇ. 1862ರಲ್ಲಿ ಆ ಊರಿನ ಪೇಟೆಯ 9 ಮಂದಿ ಒಂದು ಬೋರ್ಡಿನ ಸುತ್ತ ಕುಳಿತಿದ್ದನ್ನು ನೆನೆದುಕೊಂಡೆ.

ನಮ್ಮ ಊರಿನ ಸಭೆ 2020ರ ಕೊನೆಗೆ ಕೂಡಿತು. ಆಗ ಕೊರೋನಾದಿಂದ ಶಾಲೆ ಮುಚ್ಚಿತ್ತು. ಆ ತಾಯಿ ಮಾತ್ರ ಅರ್ಜಿಯನ್ನು ಮರೆತಿರಲಿಲ್ಲ. ನಾನು ಕೊಟ್ಟಿದ್ದ ಮೂರು ಮೊಹರಿನ ಪ್ರತಿಯನ್ನು ಸಾಮಾನ್ಯ ಸಭೆಯ ಮೇಜಿನ ಮೇಲಿಟ್ಟು, ಮೂರೂ ಕಚೇರಿಯವರು ಒಂದೇ ದಿನ ಒಂದೇ ಜಾಗಕ್ಕೆ ಬಂದು ನೋಡಲಿ ಎಂದು ಠರಾವು ಮಾಡಿಸಿದರು. ಜಂಟಿ ತಪಾಸಣೆಯ ದಿನ ಇಂಜಿನಿಯರರು ಟೇಪು ಹಿಡಿದು ಅಳೆದರು. ಗಟಾರದ ಒಂದು ದಂಡೆ ರಸ್ತೆಯವರದು, ಇನ್ನೊಂದು ಪುರಸಭೆಯದು ಎಂದಾಯಿತು. ತಳ ಯಾರದೆಂದು ಕೊನೆಗೂ ಇತ್ಯರ್ಥವಾಗಲಿಲ್ಲ. ಪುರಸಭೆಯ ಸ್ವಂತ ನಿಧಿಯಿಂದ, ಅಂದರೆ ಊರಿನವರು ಕಟ್ಟಿದ ಮನೆ ತೆರಿಗೆಯಿಂದ, ಗೋಡೆ ಎತ್ತರಿಸಿ ಮೇಲೆ ಕಡಪಾ ಕಲ್ಲು ಹಾಸಿದರು. 2022ರ ಮಳೆಗಾಲಕ್ಕೆ ಅಂಗಳದಲ್ಲಿ ನೀರು ನಿಲ್ಲಲಿಲ್ಲ.

ಕಲ್ಲು ಹಾಸಿದ ಮರುದಿನ ಮಕ್ಕಳನ್ನು ಸಾಲಾಗಿ ಕರೆದುಕೊಂಡು ಹೋಗಿ ತೋರಿಸಿದೆ. ನಮ್ಮ ವಾರ್ಡು ಎಷ್ಟನೆಯದೆಂದು ಕೇಳಿದೆ. ಈ ಸಲ ಹನ್ನೊಂದು ಮಂದಿ ಕೈ ಎತ್ತಿದರು.